ಏಳು ತೂಬಿನ ಮೇಳದಲ್ಲಿ ಶ್ರುತಿ ಕೂಡಿಸಿದವನು

ಈ ಕಸುಬಿಗೆ ಬರಬೇಕೆನ್ನುವವರು ಮೊದಲು ಒಂದು ವಿಷಯ ತಿಳಿದಿರಲಿ. ನೀವು ಕೆಲಸ ಮಾಡುವಾಗ ಸಭಾಂಗಣ ಖಾಲಿ ಇರುತ್ತದೆ. ಜನ ಬಂದು ಕೂರುವ ಹೊತ್ತಿಗೆ ನಿಮ್ಮ ಕೆಲಸ ಮುಗಿದು, ನೀವು ಪರದೆಯ ಹಿಂದೆ ತಗಡಿನ ಕುರ್ಚಿಯ ಮೇಲೆ ಕೂತಿರುತ್ತೀರಿ. ಎಲ್ಲ ಸುಸೂತ್ರವಾಗಿ ನಡೆದರೆ ನಿಮ್ಮ ಹೆಸರು ಯಾರಿಗೂ ನೆನಪಾಗುವುದಿಲ್ಲ. ಕೆಟ್ಟರೆ ಮಾತ್ರ, "ರಸೂಲಸಾಬ ಎಲ್ಲಿ ಹೋದ್ನಪಾ" ಎಂದು ಕೂಗುತ್ತಾರೆ. ಮೂವತ್ತು ವರ್ಷಕ್ಕೂ ಹೆಚ್ಚು ನಾನು ಆ ಕೂಗಿಗೆ ಓಡಿದ್ದೇನೆ.

ಶಹಾಪುರದಲ್ಲಿ ಈಗ ಮೂರು ನಾಲ್ಕು ಜನ ಹೊಸಬರು ಈ ಕೆಲಸ ಹಿಡಿದಿದ್ದಾರೆ. ಫೋನು ಮುಂದಿಟ್ಟುಕೊಂಡು, ಹಸಿರು ಗೆರೆ ಬಂದರೆ ಶ್ರುತಿ ಕೂಡಿತು ಎನ್ನುತ್ತಾರೆ. ಅವರನ್ನು ನಾನು ಬೈಯುವುದಿಲ್ಲ. ಆ ಹಸಿರು ಗೆರೆ ನನ್ನ ಕಿವಿಗಿಂತ ಚುರುಕು, ಒಪ್ಪುತ್ತೇನೆ. ಅವರು ಕೇಳಿದರೆಂದೇ ಇದನ್ನು ಬರೆಯಲು ಕೂತಿದ್ದು. ಕೇಳಿದ್ದು ಕಸುಬಿನ ಗುಟ್ಟುಗಳನ್ನು. ನಾನು ಹೇಳಬೇಕಾಗಿರುವುದು ಒಂದು ತಪ್ಪನ್ನು. ಗುಟ್ಟು ನಡುನಡುವೆ ಬಂದರೆ ಆರಿಸಿಕೊಳ್ಳಿ.

ನನ್ನ ಅಂಗಡಿ ಶಹಾಪುರದ ಹಳೇ ಬಸ್ ನಿಲ್ದಾಣದ ಹಿಂದಿನ ಓಣಿಯಲ್ಲಿತ್ತು. ನಮ್ಮ ಅಬ್ಬಾ ಸುರಪುರದಲ್ಲಿ ಹಾರ್ಮೋನಿಯಂ ರಿಪೇರಿ ಮಾಡುತ್ತಿದ್ದವರು. ನಾಟಕ ಕಂಪನಿಯವರು, ಭಜನೆಯವರು, ಖವ್ವಾಲಿಯವರು ಎಲ್ಲರ ಪೆಟ್ಟಿಗೆಗಳೂ ಅವರ ಮುಂದೆ ಬಾಯಿ ತೆರೆದು ಬಿದ್ದಿರುತ್ತಿದ್ದವು. ಪೆಟ್ಟಿಗೆಯೊಳಗೆ ಸಾಲಾಗಿ ಹಿತ್ತಾಳೆಯ ನಾಲಿಗೆಗಳಿರುತ್ತವೆ. ಮೇಲಿನ ಕರಿ ಬಿಳಿ ಪಟ್ಟಿಗಳಿಗೆ ನಾವು ಮನೆ ಎನ್ನುತ್ತೇವೆ. ತಿದಿ ಹಾಕಿ ಮನೆ ಒತ್ತಿದಾಗ ಗಾಳಿ ಹಾಯ್ದು ನಾಲಿಗೆ ನಡುಗಿ ನುಡಿಯುತ್ತದೆ. ನಾಲಿಗೆಯ ತುದಿಯನ್ನು ತುಸು ಹೆರೆದರೆ ಸ್ವರ ಏರುತ್ತದೆ, ಬುಡ ಹೆರೆದರೆ ಇಳಿಯುತ್ತದೆ. ಎರಡು ಸ್ವರಗಳು ಹತ್ತಿರ ಬಂದೂ ಇನ್ನೂ ಕೂಡದೆ ಇದ್ದಾಗ ನಡುವೆ ಒಂದು ಅಲೆ ಕೇಳಿಸುತ್ತದೆ, ವ್ವಾ ವ್ವಾ ವ್ವಾ ಎಂದು. ಹೆರೆಯುತ್ತ ಹೋದಂತೆ ಅಲೆ ನಿಧಾನವಾಗುತ್ತದೆ. ಅಲೆ ನಿಂತಿತೆಂದರೆ ಶ್ರುತಿ ಕೂಡಿತು. ಕೆಲಸ ಇಷ್ಟೇ. ಇಷ್ಟನ್ನು ಕಲಿಯಲು ನನಗೆ ಎಂಟು ವರ್ಷ ಹಿಡಿಯಿತು.

ಈ ಕಿವಿ ಒಮ್ಮೆ ಬಂದರೆ ಹೋಗುವುದಿಲ್ಲ, ಅದೇ ಕಷ್ಟ. ಬಸ್ಸಿನ ಹಾರನ್ನು, ಗಿರಣಿಯ ಪಟ್ಟಾ, ಓಣಿಯಲ್ಲಿ ಯಾರೋ ಯಾರನ್ನೋ ಕರೆದದ್ದು, ಎಲ್ಲವೂ ನನಗೆ ಸ್ವರವಾಗಿಯೇ ಕೇಳಿಸುತ್ತದೆ. ಹಾಡು ಕೇಳುತ್ತ ಜನ ಕಣ್ಣೊರೆಸಿಕೊಳ್ಳುವುದನ್ನು ಪರದೆಯ ಸಂದಿನಿಂದ ನೋಡಿ, ಇವರಿಗೆ ಏನಾಯಿತು ಎಂದು ಅಚ್ಚರಿಪಡುತ್ತಿದ್ದೆ. ನನಗೆ ಹಾಡಿನ ಮಾತು ಕೇಳಿಸುತ್ತಲೇ ಇರಲಿಲ್ಲ. ಮೂರನೆಯ ನುಡಿಯಲ್ಲಿ ಗಂಧಾರ ಒಂದು ಕೂದಲು ಇಳಿಯಿತು, ಅಷ್ಟೇ ಕೇಳಿಸುತ್ತಿತ್ತು. ನನ್ನ ಹೆಂಡತಿ ಜುಲೇಖಾ ನಮ್ಮ ಮನೆಮಾತಿನಲ್ಲಿ ಅನ್ನುತ್ತಿದ್ದಳು, "ತುಮೇ ಬಾತಾಂ ನೈ ಸುನ್ತೇ, ಆವಾಜ್ ತೋಲ್ತೇ." ನೀವು ಮಾತು ಕೇಳುವುದಿಲ್ಲ, ದನಿ ತೂಗುತ್ತೀರಿ, ಎಂದು. ಆಗ ನಕ್ಕುಬಿಡುತ್ತಿದ್ದೆ. ಅವಳು ಹೋಗಿ ಒಂಬತ್ತು ವರ್ಷವಾಯಿತು. ಅವಳ ದನಿ ಯಾವ ಮನೆಯಲ್ಲಿತ್ತೆಂದು ಇವತ್ತಿಗೂ ಪೆಟ್ಟಿಗೆಯ ಮೇಲೆ ಬೆರಳಿಟ್ಟು ತೋರಿಸಬಲ್ಲೆ. ಅವಳು ಆಡಿದ ಮಾತುಗಳಲ್ಲಿ ನೆನಪಿರುವುದು ಕಡಿಮೆ.

ನಮ್ಮ ಕಡೆಗೆ ಕಾಲುವೆಯ ನೀರು ಬಂದ ಮೇಲೆ ನನ್ನ ಕೆಲಸ ಎರಡು ಪಟ್ಟಾಯಿತು. ಇದು ನಗುವ ಮಾತಲ್ಲ. ನಮ್ಮ ವಾದ್ಯಗಳೆಲ್ಲ ಒಣ ನೆಲದಲ್ಲಿ ಹುಟ್ಟಿದವು. ಜೋಳದ ಹೊಲಗಳು ಭತ್ತದ ಗದ್ದೆಗಳಾದ ಮೇಲೆ ಹುಣಸಗಿಯ ಕಡೆ ಗಾಳಿಯೇ ಬೇರೆಯಾಯಿತು. ಹಾರ್ಮೋನಿಯಂ ಕಟ್ಟಿಗೆ ಉಬ್ಬಿ, ಒತ್ತಿದ ಮನೆ ಒತ್ತಿದಲ್ಲೇ ಉಳಿಯುತ್ತಿತ್ತು. ಹಲಗೆಯ ಚರ್ಮ ಹಸಿಯಾಗಿ ದಪ್ ಎನ್ನುತ್ತಿತ್ತು. ಜನ ನೀರು ಬಂತೆಂದು ಹಿಗ್ಗಿದರು. ನಾನು ಪೆಟ್ಟಿಗೆಗಳನ್ನು ಬಿಚ್ಚಿ ಬಿಸಿಲಿಗೆ ಹಾಕುತ್ತ ಕೂತೆ.

ಕಾಲುವೆಯ ಜೊತೆಗೇ ಬಂದವರು ಶ್ರೀಧರರಾಯರು. ಮೈಸೂರು ಕಡೆಯವರು, ಕಾಲುವೆ ಕೆಲಸದ ಇಂಜಿನಿಯರು. ಒಂದು ಮಧ್ಯಾಹ್ನ ಪಿಟೀಲಿನ ಪೆಟ್ಟಿಗೆ ಕಂಕುಳಲ್ಲಿಟ್ಟುಕೊಂಡು ನನ್ನ ಅಂಗಡಿಗೆ ಬಂದರು. ಅಂಟು ಬಿಟ್ಟಿತ್ತು. ನಾನು ಅಂಟು ಹಾಕಿ ತಂತಿ ಎಳೆದು ಕೂಡಿಸಿದ್ದನ್ನು ಕಣ್ಣು ಮುಚ್ಚಿ ಕೇಳಿದರು.

"ಯಾರ ಹತ್ತಿರ ಕಲಿತಿರಿ?" ಅಂದರು.

"ನಮ್ಮಪ್ಪನ ಹತ್ರರಿ ಸಾಹೇಬ್ರ."

"ನುಡಿಸೋದಿಲ್ವೇ?"

"ಇಲ್ರಿ. ಕೂಡಸ್ತೀನಿ ಅಷ್ಟ."

ಅವರಿಗೆ ಒಂದು ಹುಚ್ಚಿತ್ತು. ಈ ಕಾಲುವೆ ಎಲ್ಲೆಲ್ಲಿಂದಲೋ ಜನರನ್ನು ತಂದು ಒಂದೇ ನೀರಿನ ದಂಡೆಗೆ ಕೂರಿಸಿದೆ, ಇವರ ಹಾಡುಗಳೂ ಒಂದೇ ಕಡೆ ಕೂರಬೇಕು, ಎನ್ನುವುದು. ಹಾಗೆ ಕಟ್ಟಿದ್ದು ಏಳು ತೂಬಿನ ಮೇಳ, ಒಂದೇ ಕಾಲುವೆಗೆ ಏಳು ತೂಬಿದ್ದಂತೆ. ರಾಯರ ಪಿಟೀಲು ಒಂದು. ಮರೆಪ್ಪನ ಹಲಗೆ ಎರಡು. ಶಹಾಪುರದ ಖವ್ವಾಲಿಯವರ ಬೆಂಜೋ ಮತ್ತು ಢೋಲಕ್ ಮೂರು, ನಾಲ್ಕು. ಹುಣಸಗಿ ಹತ್ತಿರ ಆಂಧ್ರದಿಂದ ಬಂದು ಭತ್ತ ಬೆಳೆಯುವವರ ಕ್ಯಾಂಪಿನಲ್ಲಿ ಚರ್ಚಿಗೆ ಕೀಬೋರ್ಡ್ ನುಡಿಸುತ್ತಿದ್ದ ಸ್ಯಾಮ್ಯುಯೆಲ್ ಐದು. ಹಾರ್ಮೋನಿಯಂ ಹಿಡಿದು ತತ್ವಪದ ಹಾಡುವ ಮುದನಾಳದ ಈರಮ್ಮಕ್ಕ ಆರು. ಏಳನೆಯ ಜಾಗ ಖಾಲಿ. ಹೊರಗಿನಿಂದ ಯಾರೇ ವಾದ್ಯ ಹಿಡಿದು ಬಂದರೂ ಅದು ಅವರದು ಎಂದು ರಾಯರು ಹೇಳಿದ್ದರು. ಏಳರಲ್ಲಿ ನಾನಿಲ್ಲ. ಕೂಡಿಸುವವನನ್ನು ಯಾರೂ ಎಣಿಸಿರಲಿಲ್ಲ, ನಾನೂ ಕೇಳಿರಲಿಲ್ಲ.

ಮೊದಲ ದಿನ ಹಲಗೆ ಬಿಟ್ಟು ಉಳಿದ ಐದು ವಾದ್ಯಕ್ಕೆ ಐದು ಷಡ್ಜ. ಬೆಂಜೋದವನು ನನ್ನದೇ ಸರಿ ಎಂದ. ರಾಯರು ಜೇಬಿನಿಂದ ಒಂದು ಪುಟ್ಟ ಊದುವ ಪೀಪಿ ತೆಗೆದು ಇದೇ ಸರಿ ಎಂದರು. ಮರೆಪ್ಪ ಮಾತ್ರ ಬೀಡಿ ಹಚ್ಚಿ, "ನೀವು ಜಗಳಾ ಮುಗಸ್ರಿ, ನಂದು ಬೆಂಕಿಗೆ ಹಿಡದ್ರ ಎಲ್ಲಿ ಬೇಕಲ್ಲಿ ಬರತದ" ಎಂದು ಗೋಡೆಗೆ ಒರಗಿದ.

ಆ ಬೆಂಕಿಯಿಂದಲೇ ನನ್ನ ಮೊದಲ ಪ್ರಮಾದ ಆಯಿತು. ಸುರಪುರದಲ್ಲಿ ಕಾರ್ಯಕ್ರಮ. ಹಲಗೆ ಕಾಯಿಸಿ ಬಿಗಿ ಮಾಡಿ ವೇದಿಕೆಗೆ ಕಳಿಸಿದೆ. ಆದರೆ ಮೊದಲು ಭಾಷಣಗಳಿದ್ದವು. ಒಬ್ಬರಾದ ಮೇಲೆ ಒಬ್ಬರು ಎದ್ದು ಕಾಲುವೆಯ ಉಪಕಾರ ಹೇಳಿದರು. ಅಷ್ಟರಲ್ಲಿ ಚರ್ಮ ಮತ್ತೆ ಹಸಿಯಾಗಿತ್ತು. ಮರೆಪ್ಪ ಗಾಬರಿಯಾಗಿ ವೇದಿಕೆಯ ಹಿಂದೆ ಭತ್ತದ ಹುಲ್ಲು ರಾಶಿ ಮಾಡಿ ಬೆಂಕಿ ಹಚ್ಚಿದ. ಹೊಗೆ ಕಂಡು ಮುಂದಿನ ಸಾಲಿನ ಅಧಿಕಾರಿಗಳು ಎದ್ದರು, ಅವರು ಎದ್ದದ್ದು ಕಂಡು ಊರೇ ಎದ್ದಿತು. ನಾಲ್ಕು ಬಕೀಟು ನೀರು ಬಂದು ಹಲಗೆಯ ಮೇಲೆಯೇ ಬಿತ್ತು. ಅಂದಿನಿಂದ ಕೆಂಡದ ಅಗ್ಗಿಷ್ಟಿಕೆ ನನ್ನ ಸಾಮಾನಿನ ಜೊತೆ ಬಂತು. ಹೊಸಬರು ಬರೆದಿಟ್ಟುಕೊಳ್ಳಿ, ಚರ್ಮದ ವಾದ್ಯವನ್ನು ಕೊನೆಯ ಭಾಷಣಕಾರ ಕೂತ ಮೇಲೆ ಕಾಯಿಸಬೇಕು.

ಏಳನೆಯ ಜಾಗಕ್ಕೆ ಬಂದವರಲ್ಲಿ ಒಬ್ಬಳನ್ನು ಮರೆಯಲಾರೆ. ಯಾವುದೋ ತಣ್ಣನೆಯ ದೇಶದ ಹೆಂಗಸು, ಎದೆಯೆತ್ತರದ ಪಿಟೀಲಿನಂಥ ವಾದ್ಯ ತಂದಿದ್ದಳು. ಅದಕ್ಕೆ ಸೆಲ್ಲೊ ಎನ್ನುತ್ತಾರಂತೆ. ನಮ್ಮ ಬಿಸಿಲಿಗೆ ಅದರ ಬಿರಡೆಗಳು ಜಾರಿ ತಂತಿಗಳು ಸಡಿಲವಾಗಿ ಜೋತುಬಿದ್ದಿದ್ದವು. ಸುಣ್ಣದ ಬಳಪ ತಿಕ್ಕಿ ಬಿರಡೆ ನಿಲ್ಲಿಸಿಕೊಟ್ಟೆ. ಹತ್ತು ದಿನ ಇಬ್ಬರೂ ಬೆಳಗ್ಗೆ ಕಾಲುವೆ ಕಾಲೊನಿಯ ಖಾಲಿ ಸಭಾಭವನದಲ್ಲಿ ಕೂತು ವಾದ್ಯ ಕೂಡಿಸುತ್ತಿದ್ದೆವು. ಅವಳ ಮಾತು ನನಗೆ ಬಾರದು, ನನ್ನದು ಅವಳಿಗೆ ಬಾರದು. ಅಲೆ ನಿಂತ ಕ್ಷಣ ಇಬ್ಬರೂ ಒಂದೇ ಸಲ ಬೆರಳೆತ್ತುತ್ತಿದ್ದೆವು. ನನ್ನ ಹಾಗೆ ಕೇಳುವ ಇನ್ನೊಂದು ಜೀವ ಲೋಕದಲ್ಲಿದೆ ಎಂದು ಆಗ ಗೊತ್ತಾಯಿತು. ಹನ್ನೊಂದನೆಯ ದಿನ ಯಾದಗಿರಿ ಸ್ಟೇಷನ್ನಿನಲ್ಲಿ ರೈಲು ಹತ್ತಿ ಹೋದಳು. ಅಂಗಡಿಗೆ ಬಂದು ಬಾಗಿಲು ತೆಗೆದೆ. ಅಂದು ಇಡೀ ದಿನ ಯಾವ ಪೆಟ್ಟಿಗೆಗೂ ಕೈ ಹಚ್ಚಲಿಲ್ಲ.

ಈಗ ಈರಮ್ಮಕ್ಕನ ಮಾತು. ಮುದನಾಳದಲ್ಲಿ ಹೊಲದ ಕೂಲಿ ಮಾಡುವ ಮನೆ. ಗಂಡ ಭೀಮಪ್ಪ ತತ್ವಪದ ಹಾಡುತ್ತಿದ್ದ, ಅವನ ಪಕ್ಕ ಕೂತು ಇವಳೂ ಕಲಿತಳು. ಅವನು ತೀರಿಹೋದ ಮೇಲೆ ಉಳಿದದ್ದು ಅವನ ಹಾರ್ಮೋನಿಯಂ ಒಂದೇ. ತಾನೇ ತಿದಿ ಒತ್ತಿಕೊಂಡು ತಾನೇ ಹಾಡುತ್ತಿದ್ದಳು. ನನಗಿಂತ ಹನ್ನೆರಡು ಹದಿಮೂರು ವರ್ಷ ದೊಡ್ಡವಳು. ದಪ್ಪ ದನಿ, ಎಲ್ಲೂ ಅವಸರವಿಲ್ಲ. ಒಮ್ಮೆ ನಾನು ಹೊಸ ಪೆಟ್ಟಿಗೆ ಕೊಳ್ಳಕ್ಕಾ ಎಂದಾಗ, "ಇದು ಹೊಂಟ್ರ ನನ್ನ ಹಾಡೂ ಹೊಂಟಂಗ, ತಮ್ಮಾ. ಮನ್ಯಾಗ ನನ್ನ ಕೂಡ ಮಾತಾಡೂದು ಇದೊಂದ ಅದ" ಅಂದಿದ್ದಳು.

ಆ ಪೆಟ್ಟಿಗೆಯ ಶ್ರುತಿ ಯಾವ ಲೆಕ್ಕಕ್ಕೂ ಸಿಗುತ್ತಿರಲಿಲ್ಲ. ಬಿಳಿ ಮನೆಗೂ ಅಲ್ಲ ಕರಿ ಮನೆಗೂ ಅಲ್ಲ, ಎರಡರ ನಡುವೆ ಎಲ್ಲೋ ಇತ್ತು. ಅವಳ ಪದಗಳಿಗೆ ಕೀಬೋರ್ಡು ಸುಮ್ಮನಿರುತ್ತಿತ್ತು, ಉಳಿದ ವಾದ್ಯಗಳನ್ನು ನಾನು ಆ ಪೆಟ್ಟಿಗೆಗೆ ಇಳಿಸುತ್ತಿದ್ದೆ. ಅದನ್ನು ಕೂಡಿಸಿದವರು ನಮ್ಮ ಅಬ್ಬಾ. ಕಸುಬು ನನಗೆ ಒಪ್ಪಿಸುವಾಗ, ಮುದನಾಳದ ಪೆಟ್ಟಿಗೆಯನ್ನು ಅಂಗಡಿಗೆ ತರಿಸಬೇಡ, ಅಲ್ಲಿಗೇ ಹೋಗಿ ಮಾಡು ಎಂದಿದ್ದರು. ಯಾಕೆ ಎಂದು ನಾನು ಕೇಳಲಿಲ್ಲ. ಆಮೇಲೆ ಪೆಟ್ಟಿಗೆ ತಪ್ಪಿದ್ದೂ ಇಲ್ಲ, ನಾನು ಅಲ್ಲಿಗೆ ಹೋಗಿದ್ದೂ ಇಲ್ಲ. ಅಬ್ಬಾ ಆ ಮನೆಯ ಬಿಸಿ ರೊಟ್ಟಿ, ಪುಂಡಿಪಲ್ಯದ ಆಸೆಗೆ ಹೋಗುತ್ತಿದ್ದರೆಂದು ನಗುತ್ತಿದ್ದೆ.

ಇನ್ನೊಂದು ವಿಷಯ ಹೇಳಬೇಕು, ಹೇಳಲು ಕಷ್ಟ. ಮೇಳ ಶುರುವಾದ ಹೊಸತರಲ್ಲಿ ಎಲ್ಲರನ್ನೂ ಮನೆಗೆ ಊಟಕ್ಕೆ ಕರೆದಿದ್ದೆ. ಜುಲೇಖಾ ಬೆಳಗಿನಿಂದ ಅಡಿಗೆ ಮಾಡಿದ್ದಳು. ಎಲ್ಲರೂ ನಮ್ಮ ತಾಟಿನಲ್ಲಿ ಉಂಡರು. ಈರಮ್ಮಕ್ಕ ತನ್ನ ಚೀಲ ಬಿಚ್ಚಿ, ಬಟ್ಟೆಯಲ್ಲಿ ಸುತ್ತಿದ್ದ ಒಂದು ಕಂಚಿನ ಗಂಗಾಳ ತೆಗೆದು, "ನನಗ ಇದರಾಗ ಹಾಕವ್ವಾ" ಎಂದು ಜುಲೇಖಾಳ ಮುಂದೆ ಹಿಡಿದಳು. ಉಂಡಾದ ಮೇಲೆ ತಾನೇ ಹೊರಗೆ ಹೋಗಿ ತೊಳೆದು, ಒರೆಸಿ, ಮತ್ತೆ ಸುತ್ತಿಟ್ಟಳು. ನನಗೆ ಎದೆಯಲ್ಲಿ ಮುಳ್ಳು ಮುರಿದಂತಾಯಿತು. ನಮ್ಮ ಮನೆಯ ತಾಟು ಇವಳಿಗೆ ಆಗುವುದಿಲ್ಲವೇ ಎಂದುಕೊಂಡೆ. ಊರೂರು ತಿರುಗುವಾಗಲೂ ಅದೇ ಗಂಗಾಳ. ಹೋಟೆಲಿನಲ್ಲಿ, ಛತ್ರದಲ್ಲಿ, ಎಲ್ಲೇ ಇರಲಿ. ಅವಳ ಕೇರಿಯವರನ್ನು ಬೇರೆ ತಾಟಿನಲ್ಲಿ ಉಣ್ಣಿಸಿದ ಊರುಗಳು ಬೇಕಾದಷ್ಟಿವೆ, ಅದರಿಂದ ಬಂದ ರೂಢಿಯೇನೋ ಎಂದೂ ಒಮ್ಮೊಮ್ಮೆ ಅನ್ನಿಸುತ್ತಿತ್ತು. ಒಂದು ಮಾತು ಕೇಳಿದ್ದರೆ ಆಗುತ್ತಿತ್ತು. ನಾನು ಕೇಳಲಿಲ್ಲ. ಸಿಟ್ಟನ್ನು ಒಳಗೇ ಇಟ್ಟುಕೊಂಡು, ಮೇಲೆ ಅಕ್ಕಾ ಅಕ್ಕಾ ಎನ್ನುತ್ತ ಓಡಾಡಿದೆ.

ಮೇಳಕ್ಕೆ ಹೆಸರು ಬಂತು. ಹೈದರಾಬಾದಿನಲ್ಲಿ ಕ್ಯಾಸೆಟ್ ಮಾಡುವುದೆಂದಾಯಿತು. ಈರಮ್ಮಕ್ಕನ ಪೆಟ್ಟಿಗೆ ಆಗ ನನ್ನ ಅಂಗಡಿಯಲ್ಲಿತ್ತು. ಹಿಂದಿನ ವಾರದ ಕಾರ್ಯಕ್ರಮ ಮುಗಿದ ಮೇಲೆ, ಬಸ್ಸಿನಲ್ಲಿ ಹೊತ್ತು ಒಯ್ಯುವುದೇಕೆಂದು ಬಿಟ್ಟು ಹೋಗಿದ್ದಳು. ರಾಯರು ಬಂದರು.

"ರಸೂಲ್, ಸ್ಟುಡಿಯೋದಲ್ಲಿ ಎಲ್ಲರೂ ಕೀಬೋರ್ಡಿಗೆ ಕೂಡಬೇಕು. ಅದನ್ನ ಇಳಿಸೋಕೆ ಬರೋದಿಲ್ಲ, ತಯಾರಾಗುವಾಗಲೇ ಕಟ್ಟಿಬಿಟ್ಟಿರ್ತಾರೆ."

"ಈರಮ್ಮಕ್ಕನ ಪೆಟಗಿ ಮುಕ್ಕಾಲು ಮನಿ ಕೆಳಗ ಅದರಿ."

"ಹಾಗಿದ್ರೆ ಏರಿಸಿ."

"ಆಕಿನ್ನ ಒಂದ್ ಮಾತು ಕೇಳಬೇಕಲ್ರಿ ಸಾಹೇಬ್ರ."

"ನಾನು ಹೇಳ್ತೀನಿ ಅವರಿಗೆ. ನೀವು ಕೆಲಸ ಮುಗಿಸಿ."

ರಾಯರು ಒಳ್ಳೆಯವರು. ಆದರೆ ತಲೆಯಲ್ಲಿ ನೂರು ಕೆಲಸ, ಹೇಳುವುದನ್ನು ಮರೆಯುತ್ತಾರೆಂದು ನನಗೆ ಆಗಲೇ ಗೊತ್ತಿತ್ತು. ಮುದನಾಳಕ್ಕೆ ಒಂದು ಬಸ್ಸು ಹತ್ತಿ ಹೋಗಿ ಕೇಳಬಹುದಿತ್ತು. ಹೋಗಲಿಲ್ಲ. ಅವಳಿಗೆ ನನ್ನ ತಾಟು ಬೇಡವಾಗಿತ್ತು, ಪೆಟ್ಟಿಗೆ ಮುಟ್ಟಲು ನಾನು ಅವಳನ್ನು ಯಾಕೆ ಕೇಳಲಿ ಎಂದುಕೊಂಡೆ. ಇಷ್ಟು ಸಣ್ಣ ಮನುಷ್ಯನಾಗಿದ್ದೆ ನಾನು. ಇದನ್ನು ಬರೆಯದೆ ಉಳಿದದ್ದೆಲ್ಲ ಬರೆದರೆ ಪ್ರಯೋಜನವಿಲ್ಲ.

ನಾಲ್ಕು ದಿನ ಸ್ಯಾಮ್ಯುಯೆಲ್‌ನ ಕೀಬೋರ್ಡು ಪಕ್ಕದಲ್ಲಿಟ್ಟುಕೊಂಡು ಒಂದೊಂದೇ ನಾಲಿಗೆಯ ತುದಿ ಹೆರೆದೆ. ಕೆಲಸ ಅಚ್ಚುಕಟ್ಟಾಗಿ ಬಂತು. ಮೊದಲು ಎಲ್ಲಿತ್ತು ಎಂಬುದನ್ನು ಎಲ್ಲೂ ಗುರುತು ಹಾಕಿಕೊಳ್ಳಲಿಲ್ಲ. ಕಿವಿಯಲ್ಲಿದೆ, ಬೇಕಾದಾಗ ಇಳಿಸಿದರಾಯಿತು ಎಂಬ ಸೊಕ್ಕು.

ಹೊರಡುವ ಹಿಂದಿನ ದಿನ ಕಾಲೊನಿಯ ಸಭಾಭವನದಲ್ಲಿ ತಾಲೀಮು. ಈರಮ್ಮಕ್ಕ ಪೆಟ್ಟಿಗೆಯ ಮುಂದೆ ಕೂತು ತಿದಿ ಬಿಚ್ಚಿ ಒಂದು ಮನೆ ಒತ್ತಿದಳು. ಬೆರಳು ತೆಗೆದು ಮತ್ತೆ ಒತ್ತಿದಳು. ರಾಯರನ್ನು ನೋಡಲಿಲ್ಲ. ನನ್ನನ್ನು ನೋಡಿದಳು.

"ಸ್ವಲ್ಪ ಎತ್ತರ ಆಗಿದೆ ಅಷ್ಟೇ, ಈರಮ್ಮ. ಅಭ್ಯಾಸ ಆಗುತ್ತೆ," ಎಂದರು ರಾಯರು.

"ಆಯ್ತರಿ," ಎಂದಳು.

ಹೈದರಾಬಾದಿನ ಗಾಜಿನ ಕೋಣೆಯಲ್ಲಿ ಅವಳು ಐದು ಸಲ ಹಾಡಿದಳು. ಐದೂ ಸಲ ಮೇಲಿನ ಷಡ್ಜಕ್ಕೆ ಹೋಗುವಾಗ ಗಂಟಲು ಒಡೆಯಿತು. ಹೊಲದಲ್ಲಿ ಬಗ್ಗಿ ದುಡಿದ ಅವಳ ಎದೆಯ ಉಸಿರಿಗೆ ಒಂದು ಅಳತೆಯಿತ್ತು, ಆ ಮುಕ್ಕಾಲು ಮನೆ ಅದರ ಆಚೆಗಿತ್ತು. ಗಾಜಿನ ಈಚೆ ನಾನು ಕೂತಿದ್ದೆ. ಶ್ರುತಿ ಶುದ್ಧವಾಗಿತ್ತು, ಒಂದು ಅಲೆಯೂ ಇರಲಿಲ್ಲ. ಕೊನೆಗೆ ಅವಳ ಹಾಡಿನ ಜಾಗದಲ್ಲಿ ಪಿಟೀಲು ತುಂಬಿಸಿದರು. ಕ್ಯಾಸೆಟ್ಟಿನಲ್ಲಿ ಅವಳ ದನಿ ಇಲ್ಲ.

ಯಾದಗಿರಿ ಸ್ಟೇಷನ್ನಿನಲ್ಲಿ ಇಳಿದಾಗ ಪೆಟ್ಟಿಗೆಯನ್ನು ಎತ್ತಿ ಅವಳ ಕೈಗೆ ಕೊಡಲು ಹೋದೆ. ಅವಳು ಕೈ ಚಾಚಲಿಲ್ಲ.

"ನೀನ ಇಟಗೋ ತಮ್ಮಾ. ಇಷ್ಟ ದಿನ ಇದು ನನ್ನ ಕೂಡ ಮಾತಾಡತಿತ್ತು. ಈಗ ಸಾಹೇಬರ ಕೂಡ ಮಾತಾಡತದ."

"ಅಕ್ಕಾ, ಇಳಿಸಿ ಕೊಡತೀನಿ. ಎಂಟ ದಿನ ಕೊಡು."

"ಆತು," ಎಂದು ಚೀಲ ಹೆಗಲಿಗೆ ಹಾಕಿಕೊಂಡು ಹೋದಳು. ಮತ್ತೆ ಮೇಳಕ್ಕೆ ಬರಲಿಲ್ಲ. ಎಲ್ಲಿಯೂ ಹಾಡಲಿಲ್ಲವೆಂದು ಆಮೇಲೆ ಮರೆಪ್ಪ ಹೇಳಿದ.

ಎಂಟು ದಿನದಲ್ಲಿ ಇಳಿಸಲು ಕೂತೆ. ನಾಲಿಗೆಯ ಬುಡಕ್ಕೆ ಅರ ಹಚ್ಚಿದಾಗ ಗೊತ್ತಾಯಿತು, ಎಲ್ಲಿಗೆ ಇಳಿಸಬೇಕೆಂದು ನನಗೆ ಗೊತ್ತಿಲ್ಲ. ನಾಲ್ಕು ದಿನದ ಕೀಬೋರ್ಡು ನನ್ನ ಕಿವಿಯನ್ನು ತುಂಬಿಬಿಟ್ಟಿತ್ತು. ಒಂದು ದಿನ ಇಲ್ಲಿ ಎನ್ನಿಸಿದರೆ ಮರುದಿನ ಅಲ್ಲ ಎನ್ನಿಸುತ್ತಿತ್ತು. ಹೆರೆದು ಹೆರೆದು ಎರಡು ನಾಲಿಗೆಗಳು ಮುರಿದವು. ತಾಲೀಮಿನಲ್ಲಿ ತುಂಬಿಕೊಂಡ ಒಂದು ಹಳೆಯ ಟೇಪು ಸಿಕ್ಕಿತು. ನಮ್ಮ ಟೇಪ್ ರೆಕಾರ್ಡರಿನಲ್ಲಿ ಒಂದು ಶ್ರುತಿ, ಪಕ್ಕದ ಚಹಾ ಅಂಗಡಿಯದರಲ್ಲಿ ಇನ್ನೊಂದು, ಸ್ಯಾಮ್ಯುಯೆಲ್‌ನದರಲ್ಲಿ ಮತ್ತೊಂದು. ಮೋಟಾರು ಓಡುವ ವೇಗದ ಮೇಲೆ ಅವಳ ದನಿ ಏರಿಳಿಯುತ್ತಿತ್ತು. ಸುಳ್ಳು ಶ್ರುತಿ ಹಿಡಿದುಕೊಂಡು ಅವಳ ಮುಂದೆ ಹೋಗಲು ಮುಖವಿರಲಿಲ್ಲ. ಪೆಟ್ಟಿಗೆಗೆ ಹಳೇ ಚಾದರ ಹೊದಿಸಿ ಅಟ್ಟದ ಮೇಲಿಟ್ಟೆ.

ಆಮೇಲಿನ ವರ್ಷಗಳನ್ನು ಬೇಗ ಹೇಳಿ ಮುಗಿಸುತ್ತೇನೆ. ರಾಯರಿಗೆ ವರ್ಗವಾಯಿತು. ಮೇಳ ಬೇರೆಯವರ ಕೈಗೆ ಹೋಯಿತು. ಸ್ವರ ತೋರಿಸುವ ಯಂತ್ರ ಬಂತು, ಆಮೇಲೆ ಅದು ಫೋನಿನೊಳಗೇ ಸೇರಿತು. ಕೊನೆಕೊನೆಗೆ ಅರ್ಧ ವಾದ್ಯಗಳ ದನಿಯನ್ನು ಮೊದಲೇ ತುಂಬಿಟ್ಟುಕೊಂಡು, ವೇದಿಕೆಯ ಮೇಲೆ ಗುಂಡಿ ಒತ್ತಿ ಬಿಡುತ್ತಿದ್ದರು. ತುಂಬಿಟ್ಟ ದನಿಗೆ ಹಸಿಯಿಲ್ಲ, ಬಿಸಿಲಿಲ್ಲ, ಅದನ್ನು ಯಾರೂ ಕೂಡಿಸಬೇಕಾಗಿಲ್ಲ. ಪರದೆಯ ಹಿಂದೆ ಕೆಂಡ ಆರುವುದನ್ನು ನೋಡುತ್ತ ಕೂತಿರುತ್ತಿದ್ದೆ. ಒಂದು ಕಾರ್ಯಕ್ರಮದಲ್ಲಿ ನನಗೆ ಶಾಲು ಹೊದಿಸಿ ಮನೆಗೆ ಕಳಿಸಿದರು. ಮನೆಯಲ್ಲಿ ಜುಲೇಖಾ ಇರಲಿಲ್ಲ. ಗಡಿಯಾರದ ಟಿಕ್ ಟಿಕ್ ಸದ್ದು ಪೆಟ್ಟಿಗೆಯ ಮೂರನೆಯ ಕರಿ ಮನೆಗೆ ಹತ್ತಿರವಿತ್ತು. ಅದನ್ನು ಯಾರಿಗಾದರೂ ಹೇಳಬೇಕೆನ್ನಿಸಿತು. ಹೇಳಲು ಯಾರೂ ಇರಲಿಲ್ಲ.

ಆಗ ಅಟ್ಟದಿಂದ ಪೆಟ್ಟಿಗೆ ಇಳಿಸಿದೆ. ಅಬ್ಬಾ ಕಾಲದ ಗುಜರಿ ಪೆಟ್ಟಿಗೆಗಳಿಂದ ಅದೇ ತಳಿಯ ಹಿತ್ತಾಳೆ ಹುಡುಕಿ ಮುರಿದ ನಾಲಿಗೆಗಳನ್ನು ಬದಲಿಸಿದೆ. ತಿದಿಗೆ ಹೊಸ ಬಟ್ಟೆ ಹಾಕಿದೆ. ಶ್ರುತಿ ಗೊತ್ತಿಲ್ಲದಿದ್ದರೂ ಹೋಗಿ ತಪ್ಪಾಯಿತೆಂದು ಹೇಳಿ ಕೊಟ್ಟು ಬರೋಣ ಎಂದು ಯಾದಗಿರಿಗೆ ಬಸ್ಸು ಹತ್ತಿದೆ. ಬಸ್ಸಿನಲ್ಲಿ ಸಿಕ್ಕ ಮರೆಪ್ಪ, "ಆಕಿ ಕಿವಿ ಪೂರಾ ಹೋಗ್ಯಾವ ನೋಡು, ಗಟ್ಟಿಯಾಗಿ ಒದರಿದ್ರ ಒಂದೆರಡು ಮಾತು ಕೇಳಸ್ತಾವ" ಎಂದ. ಇಳಿದು ವಾಪಸು ಹೋಗಿಬಿಡಲೇ ಎನ್ನಿಸಿತು.

ಮುದನಾಳದಲ್ಲಿ ಈರಮ್ಮಕ್ಕ ಮನೆಯ ಕಟ್ಟೆಯ ಮೇಲೆ ತೊಗರಿ ಹಸನು ಮಾಡುತ್ತಿದ್ದಳು. ಸೊಸೆ ಹತ್ತಿ ಬಿಡಿಸಲು ಹೋಗಿದ್ದಳು. ನನ್ನನ್ನು ನೋಡಿ ಮೊರ ಕೆಳಗಿಟ್ಟಳು.

"ಬಾ ತಮ್ಮಾ. ಮುದುಕ ಆಗೀದಿ ನೀ."

ಪೆಟ್ಟಿಗೆ ಬಿಚ್ಚಿಟ್ಟು, ಕಿವಿಯ ಹತ್ತಿರ ಹೋಗಿ ಕೂಗಿದೆ. "ಅಕ್ಕಾ, ತಪ್ಪ ಮಾಡೀನಿ. ಇದರ ಶ್ರುತಿ ಮರತೀನಿ. ಎಲ್ಲಿತ್ತು ಅಂತ ಗೊತ್ತಿಲ್ಲ."

ಅವಳು ನನ್ನ ಮುಖವನ್ನೇ ನೋಡಿದಳು. "ಗೊತ್ತಿಲ್ಲ?"

ಇಲ್ಲ ಎಂದು ತಲೆ ಅಲ್ಲಾಡಿಸಿದೆ. ಅವಳು ಎದ್ದು ಒಳಗೆ ಹೋಗಿ ಗಂಗಾಳ ತಂದಳು. ಅದೇ ಕಂಚಿನ ಗಂಗಾಳ. ಎಡಗೈಯ ಐದು ಬೆರಳ ತುದಿಯ ಮೇಲೆ ಅದನ್ನು ನಿಲ್ಲಿಸಿ, ಬಲಗೈ ಬೆರಳಿನಿಂದ ಅಂಚಿಗೆ ಬಡಿದಳು. ಅದು ನುಡಿಯಿತು. ಬಿಳಿಯೂ ಅಲ್ಲದ ಕರಿಯೂ ಅಲ್ಲದ ಅದೇ ಜಾಗ.

"ನನ್ನ ಗಂಡ ಇ‌ದನ್ನ ಬಡದು ಪದಾ ಎತ್ತತಿದ್ದ," ಅಂದಳು. "ನಿಮ್ಮಪ್ಪ ಬಂದಾಗೆಲ್ಲ ಮೊದಲ ಗಂಗಾಳ ಕೊಡವ್ವಾ ಅಂತಿದ್ದ. ಇದಕ್ಕ ಪೆಟಗಿ ಹಚ್ಚಿಕೊಟ್ಟಾವ ಅವನ. ಊರು ತಿರಗಿದ್ರ ಪೆಟಗಿ ತಪ್ಪತದಂತ ಹೇಳಿದ್ದ. ಅದಕ್ಕ ಎಲ್ಲಿ ಹೋದರೂ ಇದನ್ನ ಒಯ್ತಿದ್ದೆ. ಉಂಡು ತೊಳಿಯಾಕ ಹೊರಗ ಹೋದಾಗ ಒಂದ್ಸಲ ಬಡದು ನೋಡತಿದ್ದೆ."

ಅನ್ನ ತುಂಬಿದ ಗಂಗಾಳ ನುಡಿಯುವುದಿಲ್ಲ. ಬಟ್ಟೆಯಲ್ಲಿ ಸುತ್ತಿದ್ದೂ ನುಡಿಯುವುದಿಲ್ಲ. ನಾನು ಅದನ್ನು ನೋಡಿದ್ದು ಈ ಎರಡು ರೂಪದಲ್ಲೇ.

"ಮತ್ತ ಅವತ್ತ ಸ್ಟೇಷನ್ನಿನಾಗ ಯಾಕ ಹೇಳಲಿಲ್ಲಕ್ಕಾ?" ಎಂದು ಕೂಗಿದೆ.

"ನಿಮ್ಮಪ್ಪನ ಮಗ ನೀ. ನಿನಗ ಗೊತ್ತಿಲ್ಲಂತ ನನಗೇನ ಗೊತ್ತು? ಗೊತ್ತಿದ್ದೂ ಕೆಡಸ್ಯಾನ ಅಂದುಕೊಂಡಿದ್ದೆ."

ಇಷ್ಟು ವರ್ಷ ಹಾಗೆಂದುಕೊಂಡು ಆ ಮನೆಯಲ್ಲಿ ಅವಳು ಸುಮ್ಮನೆ ಕೂತಿದ್ದಳು. ಅವಳು ನನ್ನ ತಾಟು ಬೇಡವೆಂದಳು ಅಂದುಕೊಂಡು ನಾನು ಶಹಾಪುರದಲ್ಲಿ ಕೂತಿದ್ದೆ. ನನಗೆ ಅಳು ಬಂತು, ತಡೆಯಲಿಲ್ಲ. ಅವಳು ತೊಗರಿಯ ಮೊರವನ್ನು ಆಚೆ ಸರಿಸಿ ಜಾಗ ಮಾಡಿಕೊಟ್ಟಳು.

ಎರಡು ದಿನ ಆ ಕಟ್ಟೆಯ ಮೇಲೆ ಕೆಲಸ ಮಾಡಿದೆ. ಅವಳ ಸೊಸೆ ರೊಟ್ಟಿ ಕೊಟ್ಟಳು. ಈರಮ್ಮಕ್ಕ ಎಡಗೈಯ ಬೆರಳುಗಳ ಮೇಲೆ ಗಂಗಾಳ ನಿಲ್ಲಿಸಿಕೊಂಡು, ಬಲಗೈಯನ್ನು ಪೆಟ್ಟಿಗೆಯ ಮೇಲೆ ಊರಿ ಕೂತಿರುತ್ತಿದ್ದಳು. ನಾನು ಗಂಗಾಳಕ್ಕೆ ಬಡಿದು ಮನೆ ಒತ್ತುತ್ತಿದ್ದೆ. ಅಲೆ ನನ್ನ ಕಿವಿಗೆ ಕೇಳಿಸುತ್ತಿತ್ತು, ಅವಳಿಗೆ ಕೈಗೆ.

"ಈ ಕೈಗೂ ಆ ಕೈಗೂ ಇನ್ನಾ ಜಗಳ ಅದ," ಎನ್ನುತ್ತಿದ್ದಳು. ಮತ್ತೆ ತೆಗೆದು ಹೆರೆಯುತ್ತಿದ್ದೆ. ಎರಡನೆಯ ದಿನ ಸಂಜೆಯ ಮೊದಲು ನಾನು ಷಡ್ಜ ಒತ್ತಿದಾಗ, "ಜಗಳ ಹರೀತು ನೋಡು," ಎಂದಳು. ನನ್ನ ಕಿವಿಯೂ ಅದನ್ನೇ ಹೇಳಿತ್ತು.

ಹಾಡಕ್ಕಾ ಎಂದು ಕೈಸನ್ನೆ ಮಾಡಿದೆ.

"ನನ್ನ ದನಿ ನನಗ ಕೇಳಸಂಗಿಲ್ಲಪಾ. ಅದು ಎಲ್ಲಿ ಹೋಗತದೋ ಏನೋ. ನೀ ಶ್ರುತಿ ಹಿಡಿ, ನಾ ಕೈ ಇಟ್ಟು ಕುಂದರತೀನಿ."

ಗಂಗಾಳ ಪಕ್ಕಕ್ಕಿಟ್ಟು, ಎರಡೂ ಅಂಗೈಗಳನ್ನು ಪೆಟ್ಟಿಗೆಯ ಮೇಲೆ ಊರಿದಳು. ನಾನು ಷಡ್ಜ, ಪಂಚಮ ಒತ್ತಿ ತಿದಿ ಹಾಕಿದೆ. ಅವಳು ಕಣ್ಣು ಮುಚ್ಚಿದಳು. ಸ್ವಲ್ಪ ಹೊತ್ತಿಗೆ ಅವಳ ತುಟಿಗಳು ಆಡತೊಡಗಿದವು. ದನಿ ಇರಲಿಲ್ಲ. ಒಂದು ಬೆರಳು ಪೆಟ್ಟಿಗೆಯ ಕಟ್ಟಿಗೆಯ ಮೇಲೆ ಮೆಲ್ಲಗೆ ತಾಳ ಹಾಕುತ್ತಿತ್ತು. ಪಲ್ಲವಿ ಮುಗಿಸಿ ನುಡಿಗೆ ಹೋದಳು, ಮತ್ತೆ ಪಲ್ಲವಿಗೆ ಬಂದಳು. ಎಲ್ಲಿ ಉಸಿರು ತೆಗೆದುಕೊಳ್ಳುತ್ತಾಳೆ, ಎಲ್ಲಿ ಮೇಲಿನ ಷಡ್ಜಕ್ಕೆ ಹೋಗುತ್ತಾಳೆ ಎಲ್ಲ ನನಗೆ ತಿಳಿಯಿತು. ಈ ಸಲ ಗಂಟಲು ಎಲ್ಲೂ ಒಡೆಯಲಿಲ್ಲವೆಂದು ಅವಳ ಮುಖ ನೋಡಿಯೇ ಹೇಳಬಹುದಿತ್ತು.

ಯಾವ ಪದ ಹಾಡುತ್ತಿದ್ದಾಳೆ ಎಂದು ಮಾತ್ರ ನನಗೆ ಗೊತ್ತಾಗಲಿಲ್ಲ. ತುಟಿ ನೋಡಿ ಒಂದಾದರೂ ಮಾತು ಹಿಡಿಯಲು ನೋಡಿದೆ. ಮೇಳದಲ್ಲಿದ್ದ ಅಷ್ಟೂ ವರ್ಷ ಅವಳಿಂದ ಹತ್ತು ಹೆಜ್ಜೆ ದೂರದಲ್ಲಿ, ಪರದೆಯ ಹಿಂದೆ ಕೂತು ಆ ಪದಗಳನ್ನು ನೂರಾರು ಸಲ ಕೇಳಿದ್ದೆ. ಒಂದರದ್ದೂ ಒಂದು ಸಾಲು ನನ್ನಲ್ಲಿ ಉಳಿದಿರಲಿಲ್ಲ. ಯಾವ ಪದ ಅಕ್ಕಾ ಎಂದು ಕಿವಿಯಲ್ಲಿ ಕೂಗಿ ಕೇಳಬಹುದಿತ್ತು. ಕೇಳಲು ನಾಚಿಕೆಯಾಯಿತು.

ತಿದಿ ನಿಲ್ಲಿಸದೆ ಹಾಗೆಯೇ ಒತ್ತುತ್ತ ಕೂತೆ. ಅವಳು ಹಾಡಿ ಮುಗಿಸುವ ತನಕ.